ನಿಸಾರರ ಗಾಂಧಿ ಬಜಾರು, ತಲೆಗೆ 600 ರೂಪಾಯಿ

ಬಸವನಗುಡಿಯಲ್ಲಿ ವಾರಾಂತ್ಯದ ಕಾಲ್ನಡಿಗೆ ಪ್ರವಾಸಗಳಿಗೆ ಈಗ ಬರವಿಲ್ಲ. ಗುಡಿಗಳನ್ನು ತೋರಿಸುವವರಿದ್ದಾರೆ, ತಿಂಡಿ ತಿನ್ನಿಸುತ್ತಾ ಸುತ್ತಿಸುವವರಿದ್ದಾರೆ, ಉಳಿದಿರುವ ನಾಲ್ಕಾರು ಹೆಂಚಿನ ಮನೆಗಳ ಮುಂದೆ ನಿಲ್ಲಿಸಿ ಫೋಟೋ ತೆಗೆಸುವವರೂ ಇದ್ದಾರೆ. ಕಳೆದ ತಿಂಗಳು ನಾನು ಹೋದದ್ದು ಇವುಗಳಿಗಿಂತ ಬೇರೆಯದಾದ, ಕವಿ ಕೆ.ಎಸ್. ನಿಸಾರ್ ಅಹಮದ್ ಅವರ ಕವಿತೆಗಳ ಜಾಡು ಹಿಡಿದು ಗಾಂಧಿ ಬಜಾರನ್ನು ಸುತ್ತಿಸುವ ಎರಡೂವರೆ ಗಂಟೆಯ ನಡಿಗೆಗೆ. ಶುಲ್ಕ ತಲೆಗೆ 600 ರೂಪಾಯಿ. ತಿಂಡಿ ಕಾಫಿ ಅದರಲ್ಲೇ ಸೇರಿದೆ, ಜೊತೆಗೆ ಹನ್ನೆರಡು ಪುಟದ ಒಂದು ಪುಸ್ತಿಕೆಯನ್ನೂ ಕೈಗೆ ಕೊಡುತ್ತಾರೆ. ನಡೆಸುವವರು ಹೊಸಬರು, ಹುಮ್ಮಸ್ಸಿನವರು. ಅವರ ಹೆಸರನ್ನು ಇಲ್ಲಿ ಬೇಕೆಂದೇ ಬರೆಯುತ್ತಿಲ್ಲ, ಏಕೆಂದರೆ ನನ್ನ ಆಕ್ಷೇಪಗಳನ್ನೆಲ್ಲ ಅವರಿಗೆ ನೇರವಾಗಿಯೇ ಬರೆದು ತಿಳಿಸಿದ್ದೇನೆ. ಇಲ್ಲಿ ಹೇಳಹೊರಟಿರುವುದು ಇಂಥದೊಂದು ಸೇವೆಯನ್ನು ಕೊಳ್ಳುವವರು ಏನನ್ನು ನಿರೀಕ್ಷಿಸಬಹುದು, ಏನನ್ನು ಕೇಳಿ ಪಡೆಯಬೇಕು ಎಂಬುದನ್ನು.

ಮೊದಲ ಎಡವಟ್ಟು ಹೊರಡುವ ಮುಂಚೆಯೇ ಆಯಿತು. ಹಣ ಕಟ್ಟಿದ ಮೇಲೆ ಬಂದ ಸಂದೇಶದಲ್ಲಿ ನಡಿಗೆಯ ದಿನ ಶುಕ್ರವಾರವೆಂದೂ, ಕೊನೆಯಲ್ಲಿ ವಿದ್ಯಾರ್ಥಿ ಭವನದಲ್ಲಿ ಮಸಾಲೆ ದೋಸೆಯೆಂದೂ ಬರೆದಿತ್ತು. ವಿದ್ಯಾರ್ಥಿ ಭವನಕ್ಕೆ ಶುಕ್ರವಾರ ರಜೆ ಎಂಬುದು ಬಸವನಗುಡಿಯ ಸಣ್ಣ ಮಕ್ಕಳಿಗೂ ಗೊತ್ತಿರುವ ಸಂಗತಿ. ಫೋನ್ ಮಾಡಿ ಹೇಳಿದೆ. ಆ ಕಡೆಯ ಹುಡುಗಿ ಒಂದು ಕ್ಷಣ ಸುಮ್ಮನಿದ್ದು, "ಅಯ್ಯೋ, ಹೌದಲ್ವಾ ಸಾರ್" ಎಂದಳು. ಸಂಜೆಯೊಳಗೆ ದಿನ ಶನಿವಾರಕ್ಕೆ ಬದಲಾಯಿತು. ತಪ್ಪನ್ನು ಒಪ್ಪಿಕೊಂಡ ರೀತಿಗೆ ಪೂರ್ಣ ಅಂಕ ಕೊಡುತ್ತೇನೆ, ಆದರೆ ಬೀದಿಯೊಂದನ್ನು ಪರಿಚಯಿಸುವವರಿಗೆ ಆ ಬೀದಿಯ ವಾರದ ಲೆಕ್ಕ ಗೊತ್ತಿರಬೇಡವೆ ಎಂಬ ಅನುಮಾನ ಅಂದೇ ತಲೆಯೊಳಗೆ ಹೊಕ್ಕಿತು.

ನಡಿಗೆಯ ಕಲ್ಪನೆ ಮಾತ್ರ ಬಹಳ ಚೆನ್ನಾಗಿದೆ, ಅದರಲ್ಲಿ ಎರಡು ಮಾತಿಲ್ಲ. 1936ರ ಫೆಬ್ರವರಿ 5ರಂದು ದೇವನಹಳ್ಳಿಯಲ್ಲಿ ಹುಟ್ಟಿ, ಭೂವಿಜ್ಞಾನ ಓದಿ, ಅದನ್ನೇ ಕಾಲೇಜುಗಳಲ್ಲಿ ಪಾಠ ಹೇಳಿ, 2020ರ ಮೇ 3ರಂದು ನಮ್ಮನ್ನು ಅಗಲಿದ ನಿಸಾರರನ್ನು ನಾಡು ನೆನೆಯುವುದು ಸಾಮಾನ್ಯವಾಗಿ 'ನಿತ್ಯೋತ್ಸವ'ದ ಕವಿಯೆಂದು. ಆದರೆ 1960ರಲ್ಲಿ ಬಂದ ಅವರ ಮೊದಲ ಸಂಕಲನದ ಹೆಸರು 'ಮನಸು ಗಾಂಧಿ ಬಜಾರು'. ಇಪ್ಪತ್ತನಾಲ್ಕರ ಹುಡುಗನೊಬ್ಬ ತನ್ನ ಮೊದಲ ಪುಸ್ತಕದ ಹೊದಿಕೆಯ ಮೇಲೆ ನದಿಯ ಹೆಸರನ್ನಾಗಲೀ ಹೂವಿನ ಹೆಸರನ್ನಾಗಲೀ ಹಾಕದೆ, ತರಕಾರಿ ಮಾರುವ ಒಂದು ಬೀದಿಯ ಹೆಸರನ್ನು ಹಾಕಿದ್ದನ್ನು ಇಂದು ನಾವು ಸಲೀಸಾಗಿ ಓದಿಬಿಡುತ್ತೇವೆ. ಇನ್ನೊಂದನ್ನೂ ಗಮನಿಸಬೇಕು: ಮನಸ್ಸು ಗಾಂಧಿ ಬಜಾರಿನಂತೆ ಎಂದು ಅವರು ಹೇಳಲಿಲ್ಲ. 'ಅಂತೆ' ಎಂಬುದನ್ನು ಕಿತ್ತುಹಾಕಿ, ಎರಡು ನಾಮಪದಗಳನ್ನು ಅಕ್ಕಪಕ್ಕದ ಅಂಗಡಿಗಳ ಹಾಗೆ ಒಂದಕ್ಕೊಂದು ಅಂಟಿಸಿ ನಿಲ್ಲಿಸಿಬಿಟ್ಟರು. ಈ ಮೂರು ಪದಗಳ ಶೀರ್ಷಿಕೆಯನ್ನು ಇಟ್ಟುಕೊಂಡೇ ಅರ್ಧ ಗಂಟೆ ಮಾತಾಡಬಹುದಿತ್ತು. ನಮ್ಮ ಮಾರ್ಗದರ್ಶಿ ಅದನ್ನು ಒಂದೇ ವಾಕ್ಯದಲ್ಲಿ ಮುಗಿಸಿ ಮುಂದೆ ನಡೆದರು.

ಬೆಳಿಗ್ಗೆ ಏಳಕ್ಕೆ ಬ್ಯೂಗಲ್ ರಾಕ್ ಉದ್ಯಾನದ ಬಾಗಿಲಿನಲ್ಲಿ ಸೇರಿದವರು ಒಟ್ಟು ಇಪ್ಪತ್ತೆರಡು ಜನ. ಒಂದು ಬೀದಿಯ ಪಾದಚಾರಿ ಮಾರ್ಗದಲ್ಲಿ ಒಟ್ಟಾಗಿ ನಡೆಯುವುದಕ್ಕೆ ಇದು ಹೆಚ್ಚು. ಮಾರ್ಗದರ್ಶಿಯ ಕೈಯಲ್ಲಿ ಗುರುತಿಗೆಂದು ಒಂದು ಹಳದಿ ಬಾವುಟ, ಸೊಂಟಕ್ಕೆ ಕಟ್ಟಿಕೊಂಡ ಪುಟ್ಟ ಧ್ವನಿವರ್ಧಕ. ಬಾವುಟ ಮುಂದೆ ಹೋದಂತೆ ಇಪ್ಪತ್ತೆರಡು ಜನ ತಲೆ ತಗ್ಗಿಸಿಕೊಂಡು ಹಿಂದೆ ಹೋಗುವ ದೃಶ್ಯವನ್ನು ಕಂಡಾಗ ನಿಸಾರರ ಬೇರೊಂದು ಪ್ರಸಿದ್ಧ ಕವಿತೆ, ಆ ಕುರಿಗಳದ್ದು, ನನಗೆ ನೆನಪಾಯಿತು. ಪಕ್ಕದಲ್ಲಿದ್ದ ನಿವೃತ್ತ ಮೇಷ್ಟರೊಬ್ಬರಿಗೂ ಅದೇ ನೆನಪಾಗಿರಬೇಕು. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿ ನಕ್ಕೆವು, ಮಾತಾಡಲಿಲ್ಲ.

ಬ್ಯೂಗಲ್ ರಾಕ್‌ನಿಂದ ಶುರು ಮಾಡಿದ್ದು ಸರಿಯಾದ ಆಯ್ಕೆ, ಆದರೆ ಅದಕ್ಕೆ ಕೊಟ್ಟ ಕಾರಣ ಸಾಲದು. ಮಾರ್ಗದರ್ಶಿ ಡಿ.ವಿ.ಜಿ. ಅವರ ಪ್ರತಿಮೆಯ ಮುಂದೆ ನಿಲ್ಲಿಸಿ ಕಗ್ಗದ ಬಗ್ಗೆ ಹತ್ತು ನಿಮಿಷ ಮಾತಾಡಿದರು. ಡಿ.ವಿ.ಜಿ. ಈ ಪ್ರದೇಶದ ಹಿರಿಯರು, ಗಾಂಧಿ ಬಜಾರಿಗೆ ಅಡ್ಡಲಾಗಿ ಅವರ ಹೆಸರಿನ ರಸ್ತೆಯೇ ಇದೆ, ಎಲ್ಲ ನಿಜ. ಆದರೆ ಅಂದಿನ ನಡಿಗೆ ಅವರದಾಗಿರಲಿಲ್ಲ. ನಿಸಾರರ ಬಗ್ಗೆ ಹೇಳಬಹುದಾಗಿದ್ದ ಮಾತು ಕಾಲ ಕೆಳಗೇ ಬಿದ್ದಿತ್ತು. ನಾವು ನಿಂತಿದ್ದ ಬಂಡೆ ಲಾಲ್‌ಬಾಗಿನ ಗುಡ್ಡದ ಬಂಡೆಯ ಜಾತಿಯದೇ, ಭೂವಿಜ್ಞಾನಿಗಳು ಪೆನಿನ್ಸುಲರ್ ನೈಸ್ ಎಂದು ಕರೆಯುವ, ಸುಮಾರು 300 ಕೋಟಿ ವರ್ಷ ಹಳೆಯದೆಂದು ಹೇಳುವ ಕಲ್ಲು. ಭೂವಿಜ್ಞಾನದ ಮೇಷ್ಟರಾಗಿದ್ದ ಕವಿಯೊಬ್ಬ ಇಂಥ ಬಂಡೆಯ ಮಗ್ಗುಲಲ್ಲಿ, ದಿನಕ್ಕೊಮ್ಮೆ ಸರಕು ಬದಲಾಯಿಸುವ ಒಂದು ಬಜಾರಿನಲ್ಲಿ ಅಡ್ಡಾಡುತ್ತಿದ್ದರು ಎಂಬುದನ್ನು ಕೇಳುಗರ ಮುಂದೆ ಸುಮ್ಮನೆ ಇಟ್ಟಿದ್ದರೂ ಸಾಕಿತ್ತು. ಕಡಲೆಕಾಯಿ ಪರಿಷೆಯ ಪ್ರಸ್ತಾಪ ಬಂತು, ದೊಡ್ಡ ಬಸವಣ್ಣನ ಕಥೆ ಬಂತು, ಕೆಂಪೇಗೌಡರ ಹೆಸರೂ ಬಂತು. ಕಲ್ಲಿನ ಬಗ್ಗೆ ಒಂದಕ್ಷರವಿಲ್ಲ.

ಅಲ್ಲಿಂದ ಬುಲ್ ಟೆಂಪಲ್ ರಸ್ತೆಯಗುಂಟ ರಾಮಕೃಷ್ಣ ಆಶ್ರಮದ ವೃತ್ತಕ್ಕೆ ಬಂದು ಗಾಂಧಿ ಬಜಾರ್ ಮುಖ್ಯ ರಸ್ತೆಗೆ ತಿರುಗಿದೆವು. ಈ ತಿರುವಿನಲ್ಲಿ ನಡೆದದ್ದು ಇಡೀ ಪ್ರವಾಸದ ಅತ್ಯುತ್ತಮ ಭಾಗ, ಹಾಗಾಗಿ ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ. ಮಾರ್ಗದರ್ಶಿ ಧ್ವನಿವರ್ಧಕವನ್ನು ಆರಿಸಿ, ನಮ್ಮನ್ನು ಒಂದು ಮರದ ನೆರಳಿಗೆ ಕರೆದು, ಮಾಸ್ತಿಯವರ ಮೇಲೆ ನಿಸಾರರು ಬರೆದ ಕವಿತೆಯನ್ನು ಮೆಲುದನಿಯಲ್ಲಿ ಓದಿದರು. ಗವಿಪುರದ ತಮ್ಮ ಮನೆಯಿಂದ ಹೊರಟು ಗಾಂಧಿ ಬಜಾರಿನ ಮೂಲಕ ಕ್ಲಬ್ಬಿಗೆ ನಡೆದುಹೋಗುವ ಹಿರಿಯ ಜೀವದ ಚಿತ್ರ ಅದು. ಮಾಸ್ತಿಯವರಿಗೆ 1983ರಲ್ಲಿ ಜ್ಞಾನಪೀಠ ಬಂತು, ಆದರೆ ಕವಿತೆಗೆ ಪ್ರಶಸ್ತಿಯ ಗೊಡವೆಯಿಲ್ಲ. ಅದು ನೋಡುವುದು ನಡೆಯುತ್ತಿರುವ ಒಬ್ಬ ಮನುಷ್ಯನನ್ನು. ಓದು ಮುಗಿದ ಮೇಲೆ ಮಾರ್ಗದರ್ಶಿ ವ್ಯಾಖ್ಯಾನಕ್ಕೆ ಇಳಿಯಲಿಲ್ಲ. "ಎರಡು ನಿಮಿಷ ಇಲ್ಲೇ ನಿಂತು, ಯಾರು ಯಾರು ಹೋಗ್ತಾರೋ ನೋಡಿ ಸಾಕು" ಎಂದರು.

ನಿಂತೆವು. ಬಟ್ಟೆಯ ಚೀಲವನ್ನು ನಾಲ್ಕಾಗಿ ಮಡಿಸಿ ಕಂಕುಳಲ್ಲಿ ಇಟ್ಟುಕೊಂಡ ಒಬ್ಬ ವೃದ್ಧರು ರಸ್ತೆ ದಾಟುವುದಕ್ಕೆ ಮೂರು ಸಲ ಹೆಜ್ಜೆ ಇಟ್ಟು ಮೂರು ಸಲವೂ ಹಿಂದೆ ಸರಿದರು. ಹೂವಿನ ಬುಟ್ಟಿಯ ಹಿಂದೆ ಕೂತಿದ್ದ ಹೆಂಗಸು ಕನಕಾಂಬರದ ದಂಡೆಯನ್ನು ಮೊಣಕೈಯಿಂದ ನಡುಬೆರಳ ತುದಿಯವರೆಗೆ ಹಿಡಿದು ಎರಡು ಮೊಳ ಅಳೆದಳು. ಎದುರಿಗಿದ್ದ ಗಿರಾಕಿ ತನ್ನ ಕೈಯನ್ನೂ ಚಾಚಿ ಅದೇ ದಂಡೆಯನ್ನು ಮತ್ತೊಮ್ಮೆ ಅಳೆದು, "ನಿಮ್ಮ ಮೊಳ ಚಿಕ್ಕದು ಕಣಮ್ಮ" ಎಂದಳು. ಹೂವಿನವಳು ಒಂದು ಮಾತೂ ಆಡದೆ ಮೇಲೆ ನಾಲ್ಕು ಬೆರಳಿನಷ್ಟು ಹೂವನ್ನು ಬಿಟ್ಟು ದಾರ ಕತ್ತರಿಸಿದಳು. 600 ರೂಪಾಯಿಯಲ್ಲಿ ಅರ್ಧದಷ್ಟು ನನಗೆ ಅಲ್ಲೇ ವಸೂಲಾಯಿತು. ನಡೆಯುತ್ತ ಜನರನ್ನು ನೋಡುವುದು ನಿಸಾರರ ಕಾವ್ಯದ ಒಂದು ಮುಖ್ಯ ಕಸುಬು. ಸಿ.ವಿ. ರಾಮನ್ ತೀರಿಕೊಂಡ ಸುದ್ದಿಯ ಬಗ್ಗೆ ಅವರು ಬರೆದ ಕವಿತೆಯಲ್ಲಿಯೂ ಕವಿಗೆ ಎದುರಾಗುವುದು ಆ ಹೆಸರನ್ನೇ ಕೇಳಿರದ ಹಳ್ಳಿಯ ಹನುಮ. ವಿಜ್ಞಾನಿಯ ಸಾವಿನ ಭಾರ ಹೊತ್ತ ಮನಸ್ಸಿನ ಮುಂದೆ ಅದರ ಸೋಂಕೇ ಇಲ್ಲದ ಇನ್ನೊಂದು ಬದುಕು ಬಂದು ನಿಲ್ಲುತ್ತದೆ. ಆ ಕವಿತೆಯನ್ನೂ ಇಲ್ಲಿಯೇ ಓದಿದ್ದರೆ, ಅದು ಬೆಂಗಳೂರಿನ ಬೀದಿಯದಲ್ಲವಾದರೂ, ಎರಡಕ್ಕೂ ಬೆಸುಗೆ ಬೀಳುತ್ತಿತ್ತು. ಪುಸ್ತಿಕೆಯಲ್ಲಿ ಅದರ ಹೆಸರೂ ಇಲ್ಲ.

ಇದಾದ ಹತ್ತೇ ನಿಮಿಷಕ್ಕೆ ಧ್ವನಿವರ್ಧಕ ಮತ್ತೆ ಹೊತ್ತಿಕೊಂಡಿತು. ಬಾಳೆಎಲೆ, ವೀಳ್ಯದೆಲೆಗಳ ಸಾಲಿನ ಮುಂದೆ ನಮ್ಮನ್ನು ನಿಲ್ಲಿಸಿ 'ನಿತ್ಯೋತ್ಸವ'ವನ್ನು ಎಲ್ಲರೂ ಒಟ್ಟಿಗೆ ಹಾಡಬೇಕೆಂದು ಕೇಳಿಕೊಂಡರು. ಹಾಡಿದೆವು, ಕನ್ನಡಿಗರಿಗೆ ಆ ಹಾಡಿನ ಪಲ್ಲವಿ ಕಿವಿಗೆ ಬಿದ್ದರೆ ಬಾಯಿ ತಾನಾಗಿ ತೆರೆದುಕೊಳ್ಳುತ್ತದೆ. 1978ರಲ್ಲಿ ಮೈಸೂರು ಅನಂತಸ್ವಾಮಿಯವರ ಸಂಗೀತದಲ್ಲಿ ಧ್ವನಿಸುರುಳಿಯಾಗಿ ಬಂದ ಮೇಲೆ ಅದು ಮನೆಮನೆಯ ಹಾಡಾಯಿತು. ಆದರೆ ಅದು ಜೋಗದ, ತುಂಗೆಯ, ಸಹ್ಯಾದ್ರಿಯ ಹಾಡು. ಮಲೆನಾಡಿನ ನೆಲದಿಂದ ಎದ್ದದ್ದು. ಗಾಂಧಿ ಬಜಾರಿನ ಸೊಪ್ಪಿನ ಅಂಗಡಿಯ ಮುಂದೆ ಅದನ್ನು ಹಾಡಿಸುವುದೆಂದರೆ, ಮದುವೆಮನೆಗೆ ಬಂದವರಿಗೆ ಬೇರೆಯವರ ಮನೆಯ ಲಗ್ನಪತ್ರಿಕೆ ಓದಿದ ಹಾಗೆ. ಆ ಹಾಡನ್ನು ಬಳಸಲೇಬೇಕೆಂದಿದ್ದರೆ ಬ್ಯೂಗಲ್ ರಾಕ್ ಮೇಲೆ ಬಳಸಬಹುದಿತ್ತು: ಸಹ್ಯಾದ್ರಿಯನ್ನು ವರ್ಣಿಸುವಾಗ ಲೋಹದ ಅದಿರನ್ನು ನೆನೆಯುವ ಭಾವಗೀತೆ ಕನ್ನಡದಲ್ಲಿ ಇನ್ನೊಂದು ನನಗೆ ನೆನಪಾಗುತ್ತಿಲ್ಲ, ಆ ಪದ ಭೂವಿಜ್ಞಾನ ಓದಿದವನ ಬಾಯಿಂದಲೇ ಬರಬೇಕು.

ರಸ್ತೆಯ ಸ್ಥಿತಿಯ ಬಗ್ಗೆ, ಹೋಗುವವರಿಗೆ ತಿಳಿದಿರಲಿ ಎಂದು, ಎರಡು ಮಾತು. ಗಾಂಧಿ ಬಜಾರನ್ನು ಇತ್ತೀಚಿನ ವರ್ಷಗಳಲ್ಲಿ ಅಗೆದು, ಪಾದಚಾರಿಗಳಿಗೆ ಜಾಗ ಹೆಚ್ಚುವಂತೆ ಮತ್ತೆ ಕಟ್ಟಿದ್ದಾರೆ. ಕಾಲುದಾರಿ ಅಗಲವಾಗಿದೆ, ಮೊಮ್ಮಗುವಿನ ಕೈ ಹಿಡಿದು ನಡೆಯುವವರಿಗೂ ಮೊಣಕಾಲು ನೋವಿನವರಿಗೂ ಹಿಂದಿಗಿಂತ ಹಿತ. ಆದರೂ ಇಪ್ಪತ್ತೆರಡು ಜನರ ಗುಂಪು ನಿಂತರೆ ವ್ಯಾಪಾರಕ್ಕೆ ಅಡ್ಡಿಯೇ. ನಿಂಬೆಹಣ್ಣು ಮಾರುವ ಅಜ್ಜಿಯೊಬ್ಬರು, "ಕೊಳ್ಳೋದಾದ್ರೆ ನಿಲ್ಲಿ, ಇಲ್ದಿದ್ರೆ ಒಂದ್ ಪಕ್ಕಕ್ ಹೋಗ್ರಪ್ಪಾ" ಎಂದು ಗದರಿಸಿದರು. ನಾನು ಹತ್ತು ರೂಪಾಯಿಯ ನಿಂಬೆಹಣ್ಣು ತೆಗೆದುಕೊಂಡೆ. ಮಾರ್ಗದರ್ಶಿ ಕ್ಷಮೆ ಕೇಳಿ ಬಾವುಟವನ್ನು ಮುಂದಕ್ಕೆ ಒಯ್ದರು.

ಪುಸ್ತಿಕೆಯ ಬಗ್ಗೆ ಮೆದುವಾಗಿ ಬರೆಯಲು ನನ್ನಿಂದ ಆಗುತ್ತಿಲ್ಲ. ಕಾಗದ ದಪ್ಪ, ಮುದ್ರಣ ಅಚ್ಚುಕಟ್ಟು, ಮುಖಪುಟದ ಚಿತ್ರ ಮುದ್ದಾಗಿದೆ. ಒಳಗೆ ಕವಿ ಬೆಂಗಳೂರಿನಲ್ಲಿ ಹುಟ್ಟಿದರೆಂದು ಬರೆದಿದೆ, ಹುಟ್ಟಿದ್ದು ದೇವನಹಳ್ಳಿ. 'ಸಂಜೆ ಐದರ ಮಳೆ' ಒಂದು ಕವನ ಸಂಕಲನದ ಹೆಸರು, ಅದನ್ನು ಕಾದಂಬರಿಯೆಂದು ಅಚ್ಚು ಹಾಕಿದ್ದಾರೆ. ಕವಿತೆಯ ಸಾಲುಗಳನ್ನು ಉದ್ಧರಿಸಿರುವ ಕಡೆ ಅದು ಯಾವ ಸಂಕಲನದ್ದೆಂಬ ಸುಳಿವಿಲ್ಲ. ಕಾಲೇಜು ಹುಡುಗರು ಇದನ್ನು ಜೋಪಾನವಾಗಿ ಎತ್ತಿಟ್ಟುಕೊಂಡು ಮುಂದೆ ಪ್ರಬಂಧಕ್ಕೆ ಬಳಸಿದರೆ ತಪ್ಪುಗಳು ತಲೆಮಾರು ದಾಟುತ್ತವೆ. ಅದೇ ಬೀದಿಯಲ್ಲಿ ಅಂಕಿತ ಪುಸ್ತಕದ ಮಳಿಗೆ ಇದೆ. ಗುಂಪನ್ನು ಐದು ನಿಮಿಷ ಒಳಗೆ ಕರೆದೊಯ್ದು ಕವಿಯ ಪುಸ್ತಕವನ್ನೇ ತೋರಿಸುವುದಕ್ಕೆ ಏನು ಅಡ್ಡಿಯಿತ್ತೋ ತಿಳಿಯಲಿಲ್ಲ. ಸುಬ್ಬಮ್ಮನ ಅಂಗಡಿಯ ಮುಂದೆ ಮಾತ್ರ, ಕೋಡುಬಳೆಯ ಹೆಸರಿನಲ್ಲಿ, ಕಾಲು ಗಂಟೆ ಕಳೆಯಿತು.

ಇನ್ನು ವಿದ್ಯಾರ್ಥಿ ಭವನ. 1943ರಲ್ಲಿ, ಹೆಸರೇ ಹೇಳುವಂತೆ, ಸುತ್ತಲಿನ ಶಾಲೆಗಳ ವಿದ್ಯಾರ್ಥಿಗಳನ್ನು ನೆಚ್ಚಿಕೊಂಡು ಶುರುವಾದ ಹೋಟೆಲು ಇದು. ಬಾಗಿಲ ಮುಂದೆ ಕಾಯುವ ಜನರಿಲ್ಲದ ವಾರಾಂತ್ಯವನ್ನು ನಾನು ಕಂಡಿಲ್ಲ. ಅಂದೂ ಹೆಸರು ಬರೆಸಿ ನಲವತ್ತು ನಿಮಿಷ ಕಾದೆವು. ಇಪ್ಪತ್ತೆರಡು ಜನಕ್ಕೆ ಒಟ್ಟಿಗೆ ಜಾಗ ಸಿಗುವುದು ಅಲ್ಲಿ ಸಾಧ್ಯವಿಲ್ಲದ ಮಾತು. ಹಾಗಾಗಿ ಎಲ್ಲಿ ಎರಡು ಕುರ್ಚಿ ತೆರವಾದರೆ ಅಲ್ಲಿ ಇಬ್ಬಿಬ್ಬರಂತೆ ಅಪರಿಚಿತರ ಎದುರು ಕೂತೆವು, ಗುಂಪು ಚದುರಿತು, ಬಾವುಟ ಮಡಿಸಿ ಮೇಜಿನ ಕೆಳಗೆ ಸೇರಿತು. ಪ್ರವಾಸಿಗರಾಗಿದ್ದ ನಾವು ಆಗಲೇ ಗಾಂಧಿ ಬಜಾರಿನ ಗಿರಾಕಿಗಳಾದದ್ದು.

ಗೋಡೆಯ ಮೇಲೆ ಕನ್ನಡದ ಲೇಖಕರ ರೇಖಾಚಿತ್ರಗಳು ಸಾಲಾಗಿವೆ, ಅವುಗಳ ಕೆಳಗೆ ಜನ ಎಣ್ಣೆಗೈಯಲ್ಲಿ ತಿನ್ನುತ್ತಾರೆ. ಬಿಳಿ ಪಂಚೆಯ ಸಪ್ಲೈಯರ್ ಒಬ್ಬರು ಅಂಗೈಯಿಂದ ಭುಜದವರೆಗೆ ದೋಸೆಯ ತಟ್ಟೆಗಳನ್ನು ಒಂದರ ಮೇಲೊಂದು ಪೇರಿಸಿಕೊಂಡು, ಇಕ್ಕಟ್ಟಿನ ಓಣಿಯಲ್ಲಿ ಯಾರಿಗೂ ತಗುಲದೆ ಬಂದು, ಇನ್ನೊಂದು ಕೈಯಿಂದ ಇಸ್ಪೀಟಿನ ಎಲೆ ಹಂಚುವಷ್ಟು ಸಲೀಸಾಗಿ ಒಂದೊಂದನ್ನೇ ಮೇಜಿಗೆ ಇಳಿಸಿದರು. ದೋಸೆ ಇಲ್ಲಿ ಕಾಗದದಂತೆ ತೆಳುವಲ್ಲ, ದಪ್ಪ. ಹೊರಮೈ ಕೆಂಪಗೆ ಗರಿಗರಿ, ಮುರಿದರೆ ಒಳಗೆ ಮೆತ್ತಗೆ, ಪಲ್ಯದ ಬಿಸಿ ಬೆರಳು ಸುಡುವಷ್ಟು. ಚಟ್ನಿ ನೀರಾಗಿರುತ್ತದೆ, ಪಾತ್ರೆಯಿಂದ ತಟ್ಟೆಗೇ ಸುರಿಯುತ್ತಾರೆ. ನಮ್ಮ ಗುಂಪಿನ ಹೊರರಾಜ್ಯದ ಯುವಕನೊಬ್ಬ ಸಾಂಬಾರು ಕೇಳಿದಾಗ, ಎದುರಿಗೆ ಕೂತಿದ್ದ ಅಪರಿಚಿತ ಹಿರಿಯರು ಸಪ್ಲೈಯರ್‌ಗಿಂತ ಮೊದಲೇ ಉತ್ತರ ಕೊಟ್ಟರು: "ದೋಸೆಗೆ ಇಲ್ಲಿ ಚಟ್ನಿಯೇ ಮರಿ." ಆಮೇಲೆ ಆ ಹುಡುಗನ ಊರು, ಕೆಲಸ, ಮದುವೆಯ ವಿಚಾರಗಳನ್ನೆಲ್ಲ ಕಾಫಿ ಬರುವಷ್ಟರಲ್ಲಿ ವಿಚಾರಿಸಿಕೊಂಡರು. ಕಾಫಿ ಕುಡಿದು ಮುಗಿಯುವುದರೊಳಗೆ ಬೆನ್ನ ಹಿಂದೆ ಮುಂದಿನವರು ಬಂದು ನಿಂತಿದ್ದರು, ಎದ್ದೆವು.

ಹೊರಗೆ ಬಂದ ಮೇಲೆ ಮಾರ್ಗದರ್ಶಿಯನ್ನು ಒಂದು ಪ್ರಶ್ನೆ ಕೇಳಿದೆ, ನನ್ನ ಮುಖ್ಯ ತಕರಾರೂ ಅದೇ. ನಿಸಾರರ ಗಾಂಧಿ ಬಜಾರು ಸಂಜೆಯದು. ಮಾಸ್ತಿಯವರು ಕ್ಲಬ್ಬಿಗೆ ಹೊರಡುವುದು ಸಂಜೆ; ಮಳೆ ಬರುವುದೂ ಸಂಜೆ ಐದಕ್ಕೆ. ಹೂವಿನ ರಾಶಿ, ಬೆಳಕು ಹತ್ತಿದ ಅಂಗಡಿ, ಕಚೇರಿ ಬಿಟ್ಟು ತರಕಾರಿಗೆ ಬಂದವರ ನೂಕುನುಗ್ಗಲು, ಎಲ್ಲವೂ ಸೇರಿ ಬಜಾರು ಎನ್ನುವ ಪದಕ್ಕೆ ಅರ್ಥ ಬರುವುದು ಆ ಹೊತ್ತಿನಲ್ಲಿ. ಬೆಳಿಗ್ಗೆ ಏಳೂವರೆಗೆ ಅರ್ಧದಷ್ಟು ಅಂಗಡಿಗಳ ಶಟರ್ ಕೂಡ ಮೇಲೇರಿರುವುದಿಲ್ಲ. ಹೀಗಿರುವಾಗ ನಡಿಗೆಯನ್ನು ಬೆಳಿಗ್ಗೆ ಇಟ್ಟದ್ದೇಕೆ? ಅವರು ಮರೆಮಾಚದೆ ಉತ್ತರಿಸಿದರು: ಸಂಜೆ ವಾಹನ ನಿಲ್ಲಿಸುವುದಕ್ಕೆ ಜಾಗ ಸಿಗುವುದಿಲ್ಲ, ಗದ್ದಲದಲ್ಲಿ ಮಾತು ಕೇಳಿಸುವುದಿಲ್ಲ, ಗುಂಪಿನಲ್ಲಿ ಒಬ್ಬಿಬ್ಬರು ತಪ್ಪಿಹೋಗುತ್ತಾರೆ. ಮೂರೂ ನ್ಯಾಯವಾದ ಕಾರಣಗಳೇ. ಗುಂಪನ್ನು ಎಂಟು ಜನಕ್ಕೆ ಇಳಿಸಿದರೆ ಮೂರಕ್ಕೂ ಪರಿಹಾರ ಸಿಗುತ್ತದೆ, ಬೆಲೆಯನ್ನು 900 ರೂಪಾಯಿಗೆ ಏರಿಸಿದರೂ ನಾನು ಕೊಡುತ್ತೇನೆ ಎಂದೆ. ಅವರು ಫೋನಿನಲ್ಲಿ ಬರೆದುಕೊಂಡರು. ತಪ್ಪಿಹೋಗುವವರ ಬಗ್ಗೆ ಮಾತ್ರ ನನಗೆ ಅಷ್ಟು ಚಿಂತೆಯಿಲ್ಲ. ಗಾಂಧಿ ಬಜಾರಿನಲ್ಲಿ ತಪ್ಪಿಹೋದವರು ಹೆಚ್ಚೆಂದರೆ ಟಾಗೋರ್ ವೃತ್ತದಲ್ಲಿ ಸಿಗುತ್ತಾರೆ.

ಯಾರಿಗೆ ಇದು ಸರಿ ಎಂದು ಕೇಳಿದರೆ, ಬೆಂಗಳೂರಿಗೆ ಹೊಸದಾಗಿ ಬಂದು ಕನ್ನಡ ಕಲಿಯುತ್ತಿರುವವರಿಗೆ, ಪಠ್ಯದಲ್ಲಿ ನಿಸಾರರ ಕವಿತೆ ಇರುವ ಮಕ್ಕಳಿಗೆ, ನಗರದ ಬೇರೆ ತುದಿಯಲ್ಲಿದ್ದು ಈ ಕಡೆಗೆ ಬರುವ ನೆಪ ಹುಡುಕುತ್ತಿರುವವರಿಗೆ ಧಾರಾಳವಾಗಿ ಶಿಫಾರಸು ಮಾಡುತ್ತೇನೆ. ಮಾರ್ಗದರ್ಶಿಯ ಕನ್ನಡ ಸ್ವಚ್ಛವಾಗಿದೆ, ಕವಿತೆಯನ್ನು ಓದುವ ದನಿಯಲ್ಲಿ ನಾಟಕವಿಲ್ಲ, ಪ್ರಶ್ನೆಗೆ ಉತ್ತರ ಗೊತ್ತಿಲ್ಲದಾಗ ಗೊತ್ತಿಲ್ಲವೆನ್ನುತ್ತಾರೆ. ಬಸವನಗುಡಿಯಲ್ಲೇ ಬೆಳೆದವರು, ನಿಸಾರರನ್ನು ಮೊದಲೇ ಓದಿಕೊಂಡವರು 600 ರೂಪಾಯಿಯನ್ನು ಪುಸ್ತಕದಂಗಡಿಯಲ್ಲಿ ಖರ್ಚು ಮಾಡುವುದು ಮೇಲು.

ಐದರಲ್ಲಿ ಮೂರು ನಕ್ಷತ್ರ ಕೊಟ್ಟಿದ್ದೇನೆ. ಒಂದನ್ನು ಪುಸ್ತಿಕೆಗೂ ಇನ್ನೊಂದನ್ನು ಹೊತ್ತಿಗೂ ಹಿಡಿದುಕೊಂಡೆ. ನಾಲ್ಕು ದಿನದ ನಂತರ, ಬುಧವಾರ, ಒಬ್ಬನೇ ಸಂಜೆ ಐದಕ್ಕೆ ಅದೇ ತಿರುವಿಗೆ ಹೋಗಿ ಅದೇ ಮರದ ಕೆಳಗೆ ನಿಂತೆ. ಮೋಡ ಕವಿದಿತ್ತು, ಹೂವಿನವಳು ಬುಟ್ಟಿಯ ಮೇಲೆ ನೀಲಿ ಪ್ಲಾಸ್ಟಿಕ್ ಹಾಳೆಯನ್ನು ಎಳೆಯುತ್ತಿದ್ದಳು. ನನ್ನನ್ನು ನೋಡಿ ಗುರುತು ಹಿಡಿದು, "ಇವತ್ತು ನಿಮ್ಮ ಬಾವುಟದವರು ಎಲ್ಲಿ?" ಎಂದು ಕೇಳಿದಳು. ಎರಡು ಮೊಳ ಮಲ್ಲಿಗೆ ಕೊಂಡೆ, ನನ್ನ ಕೈಯಿಂದ ಅಳೆಯಲಿಲ್ಲ.